ಅವನ ಮಾತಿನ ಮೇಲೆ ನನ್ನ ಮಾತು

ನನ್ನ ಬಾಲ್ಯದ ಗೆಳೆಯ ತೀರಿಕೊಂಡು ಹತ್ತು ತಿಂಗಳಾದ ಮೇಲೆ ಒಂದು ಬೆಳಗ್ಗೆ ಅವನ ಹೆಂಡತಿ ನಮ್ಮ ಮನೆಗೆ ಬಂದರು. ನನ್ನ ಹೆಂಡತಿ ಕೊಟ್ಟ ಚಾ ಅರ್ಧ ಕುಡಿದು, ಲೋಟವನ್ನು ಕೈಯಲ್ಲೇ ಇಟ್ಟುಕೊಂಡು ಕೇಳಿದರು.

"ಮಾಷ್ಟ್ರೇ, ನಿಮ್ಮ ಟಿ.ವಿ.ಯದ್ದು ಸೀಡಿ ಎಲ್ಲ ಉಂಟಲ್ಲ. ಅದರಲ್ಲಿ ಅವರು ಮಾತಾಡಿದ್ದು ಇರಬಹುದಾ?"

"ಇಲ್ಲದೆ ಎಂತ? ಪ್ರತಿಯೊಂದರಲ್ಲಿಯೂ ಉಂಟು."

"ಮುಖ ನೆನಪುಂಟು. ಗೋಡೆಯಲ್ಲಿ ಫೋಟೋ ಉಂಟಲ್ಲ. ಸ್ವರ ಹೋಗ್ತಾ ಉಂಟು. ಮೊನ್ನೆ ನೀರು ಕಾಯಿಸುವಾಗ, ಅವರು ನನ್ನನ್ನು ಹೇಗೆ ಕರೀತಿದ್ದರು ಅಂತ ನೆನಪು ಮಾಡಿದೆ. ಬಾಯಿ ಕಾಣ್ತದೆ, ಸ್ವರ ಬರುವುದಿಲ್ಲ." ಲೋಟದ ಅಂಚನ್ನು ಸೆರಗಿನಿಂದ ಒರೆಸಿದರು. "ತುಂಬ ಬೇಡ. ಒಂದು ನಾಲ್ಕು ಮಾತು ಸಾಕು."

ಭಾನುವಾರದೊಳಗೆ ತಂದುಕೊಡುತ್ತೇನೆ ಎಂದು ನಾನು ಧಾರಾಳವಾಗಿ ಹೇಳಿದೆ.

ಈ ಧಾರಾಳಕ್ಕೆ ಆಧಾರವಿಲ್ಲದೆ ಇರಲಿಲ್ಲ. ೨೦೦೩ರಿಂದ ಹನ್ನೆರಡು ವರ್ಷಗಳಲ್ಲಿ ನಾನು ಒಟ್ಟು ಒಂಬತ್ತು ಟಿ.ವಿ. ಸಾಕ್ಷ್ಯಚಿತ್ರಗಳಲ್ಲಿ ಕಾಣಿಸಿಕೊಂಡಿದ್ದೆ. ನಟನಾಗಿ ಅಲ್ಲ, ತಜ್ಞನಾಗಿ. ನಟನಾಗಬೇಕಾದರೆ ಅಭಿನಯ ಬರಬೇಕಾಗುತ್ತದೆ.

ನನಗೆ ತಜ್ಞತೆ ಪ್ರಾಪ್ತವಾದ ಬಗೆಯನ್ನು ಮುಂದಿನವರ ಉಪಯೋಗಕ್ಕಾಗಿ ಬರೆದಿಡುವುದು ಕರ್ತವ್ಯ. ನಾನು ಪುತ್ತಿಗೆ ಕಡೆಯ ಒಂದು ಕನ್ನಡ ಶಾಲೆಯಲ್ಲಿ ಸಮಾಜ ಪಾಠದ ಮಾಷ್ಟ್ರು. ಶಾಲೆಯ ಬೆಳ್ಳಿಹಬ್ಬದ ಸಂಚಿಕೆಯಲ್ಲಿ ಎರಡು ಪುಟ ಖಾಲಿ ಉಳಿದಾಗ, ನಮ್ಮೂರಿನ ಸುರಂಗಗಳ ಬಗ್ಗೆ ಏನೋ ಒಂದಷ್ಟು ಬರೆದು ತುಂಬಿಸಿದೆ. ಸುರಂಗವೆಂದರೆ ರೈಲಿನದ್ದಲ್ಲ. ನಮ್ಮ ಕಡೆ ಮುರಕಲ್ಲಿನ, ಅಂದರೆ ಜಂಬಿಟ್ಟಿಗೆಯ, ಗುಡ್ಡೆಯ ಬದಿಯಿಂದ, ಒಬ್ಬ ಮನುಷ್ಯ ಬಗ್ಗಿ ಹೋಗುವಷ್ಟು ಅಗಲಕ್ಕೆ, ಅಡ್ಡವಾಗಿ ಕೊರೆಯುತ್ತ ಹೋಗುತ್ತಾರೆ. ಎಲ್ಲೋ ಒಂದು ಕಡೆ ಗುಡ್ಡೆಯ ಹೊಟ್ಟೆಯಲ್ಲಿ ನೀರು ಜಿನುಗತೊಡಗುತ್ತದೆ. ಆ ನೀರು ತಾನಾಗಿ ಹರಿದು ಹೊರಗೆ ಬರುತ್ತದೆ. ಪಂಪು ಬೇಡ, ಕರೆಂಟು ಬೇಡ. ಆ ಸಂಚಿಕೆ ಹೇಗೋ ದೆಹಲಿಯ ಒಂದು ತಂಡದ ಕೈಗೆ ಸಿಕ್ಕಿತು. ಅವರಿಗೆ ಸುರಂಗದ ಬಗ್ಗೆ ಇಂಗ್ಲಿಷಿನಲ್ಲಿ ಮಾತಾಡುವ ಒಬ್ಬ ಮನುಷ್ಯ ಬೇಕಾಗಿತ್ತು. ಸುರಂಗ ಗೊತ್ತಿದ್ದವರು ಊರಲ್ಲಿ ಎಷ್ಟೋ ಜನ ಇದ್ದರು. ಇಂಗ್ಲಿಷ್ ಗೊತ್ತಿದ್ದವರೂ ಇದ್ದರು. ಎರಡೂ ಸ್ವಲ್ಪ ಸ್ವಲ್ಪ ಗೊತ್ತಿದ್ದವನು ನಾನೊಬ್ಬನೇ.

ಮೊದಲ ಚಿತ್ರದಲ್ಲಿ ನನ್ನ ಹೆಸರಿನ ಕೆಳಗೆ 'ಸ್ಥಳೀಯ ಶಿಕ್ಷಕ' ಎಂದಿತ್ತು. ಮೂರನೆಯದರಲ್ಲಿ 'ಇತಿಹಾಸಕಾರ'ನಾದೆ. ಐದನೆಯದರ ಹೊತ್ತಿಗೆ 'ಜಲತಜ್ಞ'. ಶಿಕ್ಷಣ ಇಲಾಖೆಯಲ್ಲಿ ಇಡೀ ಜನ್ಮ ತೇಯ್ದರೂ ಸಿಗದ ಬಡ್ತಿಗಳು ಯಾವ ಪರೀಕ್ಷೆಯೂ ಇಲ್ಲದೆ ಬಂದವು. ನನ್ನ ಹೆಂಡತಿ ಮಾತ್ರ ಇದನ್ನು ಅಂಗೀಕರಿಸಲಿಲ್ಲ.

"ಜಲತಜ್ಞರೇ, ಬಚ್ಚಲಿನ ನಲ್ಲಿ ಹನಿಯುವುದು ನಿಂತಿಲ್ಲ. ಕ್ಯಾಮರಾದವರನ್ನು ಕರೆಸಿದರೆ ಮಾತ್ರ ಸರಿ ಮಾಡುವುದಾ?"

ಈ ಉದ್ಯೋಗದ ಮುಖ್ಯ ಭಾಗ ನಡೆಯುವುದು. ಎಲ್ಲ ನಿರ್ದೇಶಕರೂ ತಜ್ಞನನ್ನು ನಡೆಸುತ್ತಾರೆ. "ಅಲ್ಲಿಂದ ಇಲ್ಲಿಯವರೆಗೆ ಯೋಚಿಸುತ್ತಾ ನಡೆಯಿರಿ" ಎನ್ನುತ್ತಾರೆ. ಏನನ್ನು ಯೋಚಿಸಬೇಕು ಎಂದು ಹೇಳುವುದಿಲ್ಲ. ನಾನು ಗೇರುಗುಡ್ಡೆಗಳ ಮೇಲೆ ಗಂಭೀರವಾಗಿ, ಎಲ್ಲಿಗೂ ಅಲ್ಲದೆ, ಬಹಳ ದೂರ ನಡೆದಿದ್ದೇನೆ. ಬಿಳಿ ಅಂಗಿ ಕಣ್ಣಿಗೆ ಹೊಡೆಯುತ್ತದೆ, ಪಟ್ಟೆ ಅಂಗಿ ಪರದೆಯಲ್ಲಿ ಕುಣಿಯುತ್ತದೆ. ಹಾಗಾಗಿ ಒಂದು ನೀಲಿ ಅಂಗಿ ಮೀಸಲಿತ್ತು. ಗುಡ್ಡೆಯ ತುದಿಯಲ್ಲಿ ನಿಂತು ದೂರ ನೋಡುವುದು ಇನ್ನೊಂದು ಕೆಲಸ. ನಾನು ನೋಡಿದ ದಿಕ್ಕಿನಲ್ಲಿ ಇದ್ದದ್ದು ಮೊಬೈಲ್ ಟವರ್. ಅದು ಚಿತ್ರದಲ್ಲಿ ಬರಬಾರದೆಂದು ಕ್ಯಾಮರಾ ನನ್ನ ಕಡೆಗೆ ತಿರುಗಿರುತ್ತಿತ್ತು.

ಇಷ್ಟೆಲ್ಲದರ ನಡುವೆ ನಾನು ಯಾರಿಗೂ ಹೇಳದ ಒಂದು ಸಣ್ಣ ವಿಷಯವಿತ್ತು. ನಾನು ಯಾವ ಸುರಂಗದಲ್ಲಿಯೂ ಹತ್ತು ಹೆಜ್ಜೆಗಿಂತ ಒಳಗೆ ಹೋದವನಲ್ಲ. ನನಗೆ ಇಕ್ಕಟ್ಟಿನ ಜಾಗ ಆಗುವುದಿಲ್ಲ, ಕೈಕಾಲು ತಣ್ಣಗಾಗುತ್ತದೆ.

ಒಳಗೆ ಹೋಗುತ್ತಿದ್ದವನು ಅವನು. ನಾಲ್ಕನೇ ಕ್ಲಾಸಿನವರೆಗೆ ನನ್ನ ಬದಿಯಲ್ಲಿ ಕೂತವನು, ಆಮೇಲೆ ಮಾವನ ಜೊತೆ ಸುರಂಗ ಕೊರೆಯುವ ಕೆಲಸಕ್ಕೆ ಹೋದ. ನಾನು ಮಾಷ್ಟ್ರಾದ ಮೇಲೆ ನನ್ನನ್ನು 'ನೀವು' ಎನ್ನಲು ತೊಡಗಿದ. ಬೇಡ ಮಾರಾಯ ಎಂದರೆ, "ತಿಂಗಳ ಸಂಬಳದವರಿಗೆ ಮರ್ಯಾದೆ ಕೊಡದೆ ಆಗ್ತದಾ?" ಎಂದ. ಗಿಡ್ಡ ದೇಹ, ಅಗಲವಾದ ಭುಜ, ನಗುವಾಗ ಗಂಟಲಲ್ಲಿ ಒಂದು ಕಲ್ಲು ಉರುಳಿದ ಹಾಗೆ ಸದ್ದು. ಅಂಗಿಯ ಕಿಸೆಯಲ್ಲಿ ಹೆಂಡತಿ ಕಟ್ಟಿದ ಎರಡು ಬೀಡಿ. ಅವರು ಮನೆಯಲ್ಲಿ ಬೀಡಿ ಕಟ್ಟುತ್ತಿದ್ದರು. ಬೆಳಗ್ಗೆ ಅವನು ಹೊರಡುವಾಗ ಎರಡನ್ನು ಕಿಸೆಗೆ ಹಾಕಿ ಕಳಿಸುತ್ತಿದ್ದರು.

ಅವನ ಕೆಲಸದ ಕ್ರಮ ಹೀಗೆ. ಪಿಕ್ಕಾಸು ಹಿಡಿದು ಮೊಣಕಾಲಲ್ಲಿ ಕೂತು ಕೊರೆಯುವುದು. ಪಕ್ಕದಲ್ಲಿ ಒಂದು ಎಣ್ಣೆದೀಪ. ದೀಪ ಬೆಳಕಿಗಾಗಿ ಮಾತ್ರ ಅಲ್ಲ. ಅದು ಸಣ್ಣಗಾದರೆ ಒಳಗೆ ಗಾಳಿ ಕಡಿಮೆಯಾಗಿದೆ ಎಂದು ಅರ್ಥ, ಹೊರಗೆ ಬರಬೇಕು. ಹೊರಗೆ ಬಂದು ಅವನು ನನಗೆ ತುಳುವಿನಲ್ಲಿ ಹೇಳುತ್ತಿದ್ದ. ನಾನು ಕ್ಯಾಮರಾದ ಕಡೆಗೆ ತಿರುಗಿ ಇಂಗ್ಲಿಷಿನಲ್ಲಿ ಹೇಳುತ್ತಿದ್ದೆ. ನಮ್ಮ ಆ ಮಾತುಗಳನ್ನು ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ. ಈ ಸಲ ಕೈಯಿಂದ ಏನನ್ನೂ ಸೇರಿಸಿಲ್ಲ.

ಮೊದಲ ಚಿತ್ರದ ನಿರ್ದೇಶಕಿ ದೆಹಲಿಯವರು. ಗುಡ್ಡೆಯೊಳಗೆ ನೀರಿದೆ ಎಂದು ಅವರಿಗೆ ಹೇಗೆ ತಿಳಿಯುತ್ತದೆ, ಕೇಳಿ ಎಂದರು. ಕೇಳಿದೆ.

"ಎಂತ ತಿಳಿಯುವುದು ಮಾಷ್ಟ್ರೇ?" ಎಂದ ಅವನು. "ಸಿಕ್ಕಿದರೆ ಸಿಕ್ಕಿತು. ಹೋದ ವರ್ಷ ಒಬ್ಬರ ಗುಡ್ಡೆಯಲ್ಲಿ ಎಂಬತ್ತು ಕೋಲು ಒಳಗೆ ಹೋದೆ. ಒಂದು ಚೆಂಬು ನೀರಿಲ್ಲ. ಆ ಮನೆಯವರು ಈಗ ನನ್ನನ್ನು ಕಂಡರೆ ಬೇರೆ ದಾರಿಯಲ್ಲಿ ಹೋಗ್ತಾರೆ."

ಕೋಲೆಂದರೆ ಎರಡೂವರೆ ಅಡಿ. ಎಂಬತ್ತು ಕೋಲಿನ ಒಣ ಸುರಂಗವನ್ನು ದೆಹಲಿಯವರ ಮುಂದೆ ಇಡುವುದು ನನಗೆ ಸರಿ ಕಾಣಲಿಲ್ಲ. ಗಂಟಲು ಸರಿಮಾಡಿಕೊಂಡು, "ಗುಡ್ಡ ತನ್ನೊಡನೆ ಮಾತಾಡುತ್ತದೆ, ತಾನು ಕಿವಿಗೊಡುತ್ತೇನೆ ಎನ್ನುತ್ತಾನೆ" ಎಂದು ಇಂಗ್ಲಿಷಿನಲ್ಲಿ ಹೇಳಿದೆ. ನಿರ್ದೇಶಕಿಯ ಕಣ್ಣು ಒದ್ದೆಯಾಯಿತು.

"ನೀವು ಎಂತ ಹೇಳಿದ್ದು?" ಎಂದು ಅವನು ಆಮೇಲೆ ಕೇಳಿದ.

"ನೀನು ಹೇಳಿದ್ದನ್ನೇ."

"ಅದಕ್ಕೆ ಅಳುವುದಾದರೆ ಆ ಮನೆಯವರು ಅಳಬೇಕು. ಇವರು ಯಾಕೆ ಅತ್ತರು?"

ಹೋಗುವ ಮೊದಲು ಚಿತ್ರತಂಡದವರು ಎಲ್ಲರಿಂದಲೂ ಒಂದು ಕಾಗದಕ್ಕೆ ಸಹಿ ಹಾಕಿಸುತ್ತಾರೆ. ನನ್ನ ಮುಖವನ್ನೂ ಸ್ವರವನ್ನೂ ಇವರು ಬೇಕಾದ ಹಾಗೆ ಬಳಸಬಹುದು ಎಂದು ಒಪ್ಪಿಗೆ. ನಾನು ಅವನಿಗೆ ಓದಿ ಹೇಳಿದೆ. ಅವನು ಪೆನ್ನು ಹಿಡಿದು ಯೋಚಿಸಿದ.

"ಕೊಟ್ಟ ಮೇಲೆ ನನಗೆ ಇರ್ತದಲ್ಲ?"

"ಇರ್ತದೆ ಮಾರಾಯ. ಬರೀ ಶಾಸ್ತ್ರ."

ಸಹಿ ಹಾಕಿದ. ಒಂಬತ್ತು ಸಲ ಹಾಕಿದ.

೨೦೧೫ರ ಬೇಸಗೆಯಲ್ಲಿ ಅವನಿಗೆ ಮೆಟ್ಟಲು ಹತ್ತಲು ಆಗದಾಯಿತು. ಕಾಸರಗೋಡಿನಲ್ಲಿ ತೋರಿಸಿದರು, ಮಂಗಳೂರಿನಲ್ಲಿ ತೋರಿಸಿದರು. ಶ್ವಾಸಕೋಶ ಕಲ್ಲಿನ ಹಾಗಾಗಿದೆ ಎಂದರು. ನಾನು ನೋಡಲು ಹೋದಾಗ ಮೂಗಿಗೆ ನಳಿಗೆ ಹಾಕಿತ್ತು. ಮಾತಾಡಲು ಆಗುತ್ತಿರಲಿಲ್ಲ. ಕೈ ಎತ್ತಿ ನನ್ನ ಕಡೆ ತೋರಿಸಿ, ಅಲ್ಲಿಂದ ಇಲ್ಲಿಗೆ ಎರಡು ಬೆರಳು ಆಡಿಸಿದ, ನಡೆದ ಹಾಗೆ. ಯೋಚಿಸುತ್ತಾ ನಡೆಯುವ ನನ್ನನ್ನು ಅಣಕಿಸಿದ್ದು. ಪಕ್ಕದ ಮಂಚದವರೂ ನೋಡಿ ನಕ್ಕರು. ಆಸ್ಪತ್ರೆಗೆ ಸೇರಿದ ಹದಿನೇಳನೆಯ ದಿನ ಹೋದ.

ಇಷ್ಟು ಹಿನ್ನೆಲೆಯೊಂದಿಗೆ ನಾನು ಸೀಡಿಗಳ ಕಟ್ಟನ್ನು ತೆಗೆದುಕೊಂಡು ಕಾಸರಗೋಡಿಗೆ ಬಸ್ಸು ಹತ್ತಿದೆ. ನನ್ನ ಪ್ಲೇಯರ್ ಹಾಳಾಗಿ ವರ್ಷಗಳಾಗಿದ್ದವು. ಹಳೆ ಬಸ್ ಸ್ಟ್ಯಾಂಡಿನ ಹತ್ತಿರ ಮದುವೆ ವೀಡಿಯೊ ಮಾಡುವ ಒಬ್ಬ ಬ್ಯಾರಿ ಗೃಹಸ್ಥರ ಅಂಗಡಿಯಿದೆ. ದುಬೈಯಲ್ಲಿ ಹನ್ನೊಂದು ವರ್ಷ ಇದ್ದು ಬಂದವರು. ತುಳು, ಕನ್ನಡ, ಮಲಯಾಳ ಮೂರನ್ನೂ ಒಂದೇ ಉಸಿರಿನಲ್ಲಿ ಆಡುತ್ತಾರೆ. ಅವರು ಒಂದೊಂದೇ ಸೀಡಿಯನ್ನು ಕಂಪ್ಯೂಟರಿಗೆ ಹಾಕಿದರು. ನಾವಿಬ್ಬರೂ ಸ್ಟೂಲಿನ ಮೇಲೆ ಕೂತು ನನ್ನ ಒಂಬತ್ತು ಅವತಾರಗಳನ್ನು ನೋಡಿದೆವು.

ನಾಲ್ಕನೆಯದು ಮುಗಿಯುವಾಗ ಅವರು ಇಲಿಯಿಂದ, ಅಂದರೆ ಕಂಪ್ಯೂಟರಿನ ಇಲಿಯಿಂದ, ಕೈ ತೆಗೆದರು.

"ಮಾಷೇ, ಈ ಜನ ಬಾಯಿ ತೆರೆದ ಕೂಡಲೇ ನೀವು ಬರ್ತೀರಿ."

"ಅದು ಅವರ ಪದ್ಧತಿ."

"ಪದ್ಧತಿಗೆ ನಿಮ್ಮ ಸ್ವರ ಉಂಟಲ್ಲ."

ಪದ್ಧತಿ ಹೌದು. ಊರಿನವನು ಬಾಯಿ ತೆರೆದಾಗ ಅವನ ಸ್ವರವನ್ನು ಎರಡು ಸೆಕೆಂಡು ಕೇಳಿಸುತ್ತಾರೆ, ಅವನು ನಿಜವಾದ ಮನುಷ್ಯ ಎಂದು ನೋಡುವವರಿಗೆ ನಂಬಿಕೆ ಬರಲಿಕ್ಕೆ. ಆಮೇಲೆ ಅದನ್ನು ತಗ್ಗಿಸಿ ಇಂಗ್ಲಿಷನ್ನು ಮೇಲೆ ಹಾಕುತ್ತಾರೆ. ಅವನ ತುಟಿ ಅಲುಗುತ್ತಿತ್ತು, ಕೈ ಗುಡ್ಡೆಯ ಕಡೆ ಹೋಗುತ್ತಿತ್ತು, ಹುಬ್ಬು ಏರಿಳಿಯುತ್ತಿತ್ತು. ಕೇಳಿಸುತ್ತಿದ್ದದ್ದು ನನ್ನ ಸ್ವರ. ಗುಡ್ಡ ಮಾತಾಡುತ್ತದೆ, ನೀರು ತಾಯಿ, ಕತ್ತಲೆ ಗುರು. ಆಗ ಬಹಳ ಚೆನ್ನಾಗಿದೆ ಅನಿಸಿದ್ದ ವಾಕ್ಯಗಳು.

ಒಂಬತ್ತನ್ನೂ ನೋಡಿ ಮುಗಿಸಿದಾಗ ಅವನ ಸ್ವರವೆಂದು ಸಿಕ್ಕಿದ್ದು ಇಷ್ಟು: "ಅದು ಎಂತ ಅಂದರೆ". "ಬನ್ನಿ". "ಜಾಗ್ರತೆ". "ಹೂಂ". ಅಂಗಡಿಯವರು ಎಲ್ಲವನ್ನೂ ಒಂದರ ಹಿಂದೆ ಒಂದು ಜೋಡಿಸಿ ಕೇಳಿಸಿದರು. ಅರ್ಧ ನಿಮಿಷವೂ ಆಗಲಿಲ್ಲ. ಅವನ ಹೆಂಡತಿ ನಾಲ್ಕು ಮಾತು ಸಾಕು ಎಂದಿದ್ದರು. ಲೆಕ್ಕಕ್ಕೆ ಸರಿಯಾಗಿಯೇ ಇತ್ತು. ಅದನ್ನು ತೆಗೆದುಕೊಂಡು ಹೋಗಿ ಅವರ ಕೈಗೆ ಕೊಡುವ ಧೈರ್ಯ ನನಗಾಗಲಿಲ್ಲ.

ಭಾನುವಾರ ಕಳೆಯಿತು. ಇನ್ನೂ ಕೆಲವು ಭಾನುವಾರಗಳು ಕಳೆದವು.

"ಇವತ್ತೂ ಬಂದಿದ್ದರು," ಎಂದಳು ನನ್ನ ಹೆಂಡತಿ. "ಗೇಟಿನ ಹತ್ತಿರ ನಿಂತು, ಮಾಷ್ಟ್ರು ಇದ್ದಾರಾ ಅಂತ ಕೇಳಿದರು. ಇಲ್ಲ ಅಂದೆ. ಅಷ್ಟರಲ್ಲಿ ನೀವು ಒಳಗೆ ಸೀನಿದಿರಿ."

"ಅವರು ಎಂತ ಹೇಳಿದರು?"

"ಎಂತ ಹೇಳ್ತಾರೆ? ತೊಂದರೆ ಇಲ್ಲ, ಇನ್ನೊಮ್ಮೆ ಬರ್ತೇನೆ ಅಂತ ಹೋದರು. ಸುಳ್ಳು ಹೇಳಿದವಳು ನಾನಾದೆ."

ಮರುದಿನದಿಂದ ನಾನು ಹಳೆಯ ನಿರ್ದೇಶಕರನ್ನು ಹುಡುಕತೊಡಗಿದೆ. ಕತ್ತರಿಸದ, ಮೇಲೆ ಏನೂ ಹಾಕದ ಮೂಲ ಟೇಪುಗಳು ಎಲ್ಲಾದರೂ ಇರಬೇಕಲ್ಲ. ಕೆಲವರ ನಂಬರು ಈಗ ಬೇರೆಯವರದ್ದಾಗಿತ್ತು. ಒಂದು ಕಂಪೆನಿ ಮುಚ್ಚಿತ್ತು. ಒಬ್ಬರು, ಟೇಪುಗಳನ್ನು ಅಳಿಸಿ ಬೇರೆ ಚಿತ್ರಕ್ಕೆ ಬಳಸಿದೆವು, ಕ್ಷಮಿಸಿ ಎಂದರು. ವಿದೇಶದ ಒಬ್ಬ ಮಹನೀಯರು ಬಹಳ ಸುಂದರವಾದ ಸಂತಾಪ ಪತ್ರ ಕಳಿಸಿದರು. ಅದರಲ್ಲಿ 'ಗುಡ್ಡದ ಮಾತಿಗೆ ಕಿವಿಗೊಟ್ಟವನು' ಎಂದು ಅವನನ್ನು ಸ್ಮರಿಸಿದ್ದರು. ಆ ಮಾತಿನ ಕರ್ತೃ ಯಾರೆಂದು ಬಲ್ಲ ನಾನು ಪತ್ರವನ್ನು ಮಡಚಿಟ್ಟೆ.

ಹೀಗೆ ವರ್ಷ ತಿರುಗಿತು. ಕೊನೆಗೆ ನೆನಪಾದವಳು ಕೊಚ್ಚಿಯ ಒಂದು ಹುಡುಗಿ. ೨೦೧೨ರಲ್ಲಿ ಸಿನೆಮಾ ಕಲಿಯುತ್ತಿದ್ದಾಗ ಪರೀಕ್ಷೆಗಾಗಿ ನಮ್ಮನ್ನು ಚಿತ್ರಿಸಿಕೊಂಡು ಹೋಗಿದ್ದಳು. ಆ ಚಿತ್ರ ಟಿ.ವಿ.ಯಲ್ಲಿ ಬರಲಿಲ್ಲವಾದ್ದರಿಂದ ನಾನು ಅದನ್ನು ನನ್ನ ಒಂಬತ್ತರ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಅವಳು ಏನನ್ನೂ ಅಳಿಸಿರಲಿಲ್ಲ. ಒಂದು ವಾರದಲ್ಲಿ ಅಂಚೆಯಲ್ಲಿ ಪೆನ್ ಡ್ರೈವ್ ಬಂತು. "ಸರ್, ಇಪ್ಪತ್ತೆರಡು ನಿಮಿಷ ಇದೆ. ಏನನ್ನೂ ತೆಗೆದಿಲ್ಲ" ಎಂದು ಚೀಟಿ ಬರೆದಿದ್ದಳು.

ಅಂಗಡಿಯವರು ಅದನ್ನು ಹಾಕಿದರು. ಸುರಂಗದ ಬಾಯಿ; ಅವನು ಕಲ್ಲಿನ ಮೇಲೆ ಕೂತಿದ್ದಾನೆ; ಅವನ ಬದಿಯಲ್ಲಿ ನೀಲಿ ಅಂಗಿಯ ನಾನು. ಅವನು ಮಾತಾಡಿದ. ಎರಡು ಸೆಕೆಂಡು ಕಳೆಯಿತು, ನಾಲ್ಕು ಕಳೆಯಿತು, ಸ್ವರ ತಗ್ಗಲಿಲ್ಲ. ಮುರಕಲ್ಲಿನ ಜಾತಿಗಳನ್ನು ಹೇಳಿದ. ಒಳಗೆ ಹಾವು ಸಿಕ್ಕಿದ ಕಥೆ ಹೇಳಿ ನಕ್ಕ. ಗಂಟಲಲ್ಲಿ ಕಲ್ಲು ಉರುಳಿತು. ನಡುನಡುವೆ ಕೆಮ್ಮಿದ. ನಾನು ಸ್ಟೂಲಿನ ಮೇಲೆ ಕೂತು ಗೆದ್ದವನ ಹಾಗೆ ಅಂಗಡಿಯವರ ಮುಖ ನೋಡಿದೆ.

ಹದಿನಾಲ್ಕನೆಯ ನಿಮಿಷದಲ್ಲಿ ಹುಡುಗಿ, ಒಳಗೆ ಹೋದಾಗ ಇವರಿಗೆ ಏನನಿಸುತ್ತದೆ ಎಂದು ಕೇಳಿದಳು. ನಾನು ತುಳುವಿನಲ್ಲಿ ದಾಟಿಸಿದೆ. ಅವನು ಕ್ಯಾಮರಾವನ್ನು ಬಿಟ್ಟು ನನ್ನ ಕಡೆಗೆ ತಿರುಗಿ ಹೇಳಿದ.

"ಮೊದಲು ಎಂತ ಅನಿಸ್ತಿರಲಿಲ್ಲ. ಈಗ ಇಪ್ಪತ್ತು ಕೋಲು ಹೋದರೆ ಎದೆ ಮೇಲೆ ಯಾರೋ ಕೂತ ಹಾಗೆ ಆಗ್ತದೆ. ದೀಪ ಸರಿ ಉರೀತಾ ಇರ್ತದೆ ಮಾಷ್ಟ್ರೇ, ನನಗೆ ಗಾಳಿ ಸಾಕಾಗುವುದಿಲ್ಲ. ಬೀಡಿಯಿಂದ ಅಂತ ಮಾಡಿದ್ದೆ. ಬಿಟ್ಟು ಎರಡು ವರ್ಷ ಆಯ್ತು. ಅವಳು ದಿನಾ ಎರಡು ಕೊಡ್ತಾಳೆ. ಬೇಡ ಅಂದರೆ ಯಾಕೆ ಅಂತ ಕೇಳ್ತಾಳಲ್ಲ, ಹಾಗಾಗಿ ತಂದು ಮಣ್ಣು ಹೊರುವವನಿಗೆ ಕೊಡ್ತೇನೆ. ಬಿಟ್ಟರೂ ಕಮ್ಮಿ ಇಲ್ಲ. ಇದು ಕಲ್ಲಿನ ಧೂಳು. ಮನೆಯಲ್ಲಿ ಹೇಳಲಿಲ್ಲ. ನೀವು ಕಲಿಸಿದ ಮಕ್ಕಳಲ್ಲಿ ಕಾಸರಗೋಡಿನಲ್ಲಿ ಡಾಕ್ಟ್ರು ಆದವರು ಇದ್ದಾರಲ್ಲ, ಒಮ್ಮೆ ಕೇಳಿ."

ಪರದೆಯ ಮೇಲಿನ ನಾನು ತಲೆಯಾಡಿಸಿದೆ. "ಆಯ್ತು, ಕೇಳ್ತೇನೆ" ಎಂದೆ. ನಂತರ ಕ್ಯಾಮರಾದ ಕಡೆಗೆ ತಿರುಗಿ, ಒಂದು ಕ್ಷಣ ದೂರ ನೋಡಿ, ಹೇಳಿದೆ: "ಗುಡ್ಡವು ತನ್ನೊಳಗೆ ಬಂದವನ ಉಸಿರನ್ನು ತೆಗೆದುಕೊಳ್ಳುತ್ತದೆ, ನೀರಾಗಿ ಹಿಂದೆ ಕೊಡುತ್ತದೆ ಎನ್ನುತ್ತಾನೆ."

ಆ ವಾಕ್ಯ ನನಗೆ ಚೆನ್ನಾಗಿ ನೆನಪಿತ್ತು. ಆ ಸಂಜೆ ಮನೆಯಲ್ಲಿ ಹೆಂಡತಿಗೆ ಹೇಳಿದ್ದೆ, ಮರುದಿನ ಸ್ಟಾಫ್ ರೂಮಿನಲ್ಲಿ ಹೇಳಿದ್ದೆ. ನೆನಪಿಲ್ಲದ್ದು ಅದರ ಹಿಂದಿನ ಮಾತು. ಡಾಕ್ಟರ ಹತ್ತಿರ ನಾನು ಕೇಳಲಿಲ್ಲ. ಮರೆತೆ ಎಂದರೂ ಸರಿಯಾಗುವುದಿಲ್ಲ. ಮರೆಯಬೇಕಾದರೆ ಮೊದಲು ಮನಸ್ಸಿಗೆ ಹೋಗಿರಬೇಕು. ಅವನು ಹೇಳುತ್ತಿದ್ದಾಗ ನಾನು ಇಂಗ್ಲಿಷಿನಲ್ಲಿ ವಾಕ್ಯ ಕಟ್ಟುತ್ತಿದ್ದೆ. ಅವನು ಇನ್ನೊಮ್ಮೆ ಜ್ಞಾಪಿಸಲೂ ಇಲ್ಲ. ಕೇಳ್ತೇನೆ ಎಂದ ಮಾಷ್ಟ್ರ ಹತ್ತಿರ ಎರಡನೆಯ ಸಲ ಕೇಳುವ ಜನ ಅಲ್ಲ. ಮೂರು ವರ್ಷ ಕಾದ.

ಅಂಗಡಿಯವರು ವೀಡಿಯೊ ನಿಲ್ಲಿಸಿದರು. ಅವರಿಗೆ ಎಲ್ಲವೂ ಅರ್ಥವಾಗಿತ್ತು.

"ಚಾ ಹೇಳ್ಲಾ ಮಾಷೇ?"

"ಬೇಡ."

ಹೊರಗೆ ಬಸ್ಸುಗಳ ಕ್ಲೀನರುಗಳು ಕುಂಬಳೆ ಕುಂಬಳೆ ಎಂದು ಕೂಗುತ್ತಿದ್ದರು. ನಾನು ಕೇಳಿದೆ, "ಇದರಲ್ಲಿ ಇಷ್ಟು ಭಾಗ ತೆಗೆಯಲಿಕ್ಕೆ ಆಗ್ತದಾ? ಆ ಕೆಮ್ಮು ಎಲ್ಲ? ಪಾಪ, ಅವನ ಹೆಂಡತಿಗೆ ಬೇಸರ ಆಗ್ತದೆ."

"ಆಗದೆ ಎಂತ? ಮದುವೆ ವೀಡಿಯೊದಲ್ಲಿ ಭಾವಂದಿರ ಜಗಳ ತೆಗೆಯುವುದಿಲ್ವಾ?" ಎಂದರು ಅವರು. ನನ್ನ ಮುಖ ನೋಡಲಿಲ್ಲ. ಚೊಕ್ಕವಾಗಿ ಕತ್ತರಿಸಿ ಒಂದು ಹೊಸ ಪೆನ್ ಡ್ರೈವಿಗೆ ಹಾಕಿದರು. ಹುಡುಗಿ ಕಳಿಸಿದ್ದನ್ನೂ ನನ್ನ ಕೈಗೆ ಕೊಟ್ಟರು. "ಪೂರ್ತಿಯದ್ದು ಇದರಲ್ಲಿ ಉಂಟು. ಬಿಸಾಡಬೇಡಿ."

ಮರುದಿನ ಮಧ್ಯಾಹ್ನ ಎರಡನ್ನೂ ಕಿಸೆಯಲ್ಲಿ ಹಾಕಿಕೊಂಡು ಅವನ ಮನೆಗೆ ಹೋದೆ. ಅವನ ಹೆಂಡತಿ ಒಬ್ಬರೇ ಇದ್ದರು. ಟಿ.ವಿ.ಯ ಮೇಲಿನ ಬಟ್ಟೆ ತೆಗೆದು ಮಡಚಿಟ್ಟರು. ಕೈ ತೊಳೆದು ಬಂದು, ಗೋಡೆಗೆ ಒರಗದೆ, ನೆಲದಲ್ಲಿ ನೆಟ್ಟಗೆ ಕೂತರು. ಬೀಡಿ ಕಟ್ಟುವ ಮೊರದಂಥ ತಡ್ಪೆ ಕಪಾಟಿನ ಮೇಲೆ ಬೋರಲಾಗಿ ಮಲಗಿತ್ತು. ನಾನು ಕತ್ತರಿಸಿದ್ದನ್ನು ಹಾಕಿದೆ.

ಅವನು ಮಾತಾಡಿದ. ಅವರು ಎರಡೂ ಕೈಯನ್ನು ಮೊಣಕಾಲಿನ ಮೇಲಿಟ್ಟು ನೋಡಿದರು. ಹಾವಿನ ಕಥೆ ಬಂದಾಗ ಅವನಿಗಿಂತ ಮೊದಲೇ ನಕ್ಕರು. ಆ ಕಥೆ ಎಷ್ಟು ಸಲ ಕೇಳಿದ್ದರೋ. ಕಣ್ಣೀರು ಇಳಿಯುತ್ತಿತ್ತು, ಒರೆಸಿಕೊಳ್ಳಲಿಲ್ಲ. ನನ್ನ ಕೆಲಸ ಮುಗಿಯಿತು ಎಂದುಕೊಂಡೆ. ಮುಗಿದ ಮೇಲೆ ಅವರು ಪರದೆಯನ್ನೇ ನೋಡುತ್ತ ಕೇಳಿದರು.

"ಮಾಷ್ಟ್ರೇ, ಇದು ಯಾವ ವರ್ಷದ್ದು?"

"ಹನ್ನೆರಡನೇ ಇಸವಿಯದ್ದು."

"ಹಾಗಾದರೆ ಕೆಮ್ಮು ಎಲ್ಲಿ? ಆಗ ಅವರು ಎರಡು ಮಾತಿಗೊಮ್ಮೆ ಕೆಮ್ಮುತ್ತಿದ್ದರು. ಸ್ವರ ಅವರದ್ದೇ. ಆದರೆ ಕೆಮ್ಮು ಇಲ್ಲದೆ ಬೇರೆ ಯಾರೋ ಮಾತಾಡಿದ ಹಾಗೆ ಆಗ್ತದೆ." ನನ್ನ ಕಡೆ ತಿರುಗಿದರು. "ಇಷ್ಟೇ ಇದ್ದದ್ದಾ?"

ಇಷ್ಟೇ ಎನ್ನುವುದು ಸುಲಭವಿತ್ತು. ಹನ್ನೆರಡು ವರ್ಷ ಅದನ್ನೇ ಮಾಡಿದವನು ನಾನು. ಅವನು ಹತ್ತು ಮಾತು ಆಡಿದರೆ ಒಂದನ್ನು ಕೊಟ್ಟು, ಇಷ್ಟೇ ಎನ್ನುವುದು. ಕಿಸೆಯಿಂದ ಇನ್ನೊಂದನ್ನು ತೆಗೆದೆ.

"ಇನ್ನೂ ಉಂಟು," ಎಂದೆ. "ಅದರಲ್ಲಿ ನನ್ನದೊಂದು ತಪ್ಪು ಉಂಟು. ಹಾಗೆ ತೆಗೆಸಿದ್ದು."

ಪೂರ್ತಿಯದ್ದನ್ನು ಹಾಕಿದೆ. ಅವನು ಕೆಮ್ಮಿದಾಗಲೆಲ್ಲ ಅವರ ತಲೆ ಸಣ್ಣಗೆ ಅಲುಗುತ್ತಿತ್ತು, ಹೌದು, ಇವರೇ ಎಂಬ ಹಾಗೆ. ಹದಿನಾಲ್ಕನೆಯ ನಿಮಿಷ ಬಂತು. ನಾನು ಕಿಟಕಿಯ ಹೊರಗೆ ನೋಡುತ್ತಿದ್ದೆ. ಎದೆ ಮೇಲೆ ಯಾರೋ ಕೂತ ಹಾಗೆ ಎಂದ. ಬೀಡಿ ಬಿಟ್ಟೆ ಎಂದ. ಡಾಕ್ಟ್ರ ಹತ್ತಿರ ಕೇಳಿ ಎಂದ. ನಾನು ಕೇಳ್ತೇನೆ ಎಂದೆ. ಆಮೇಲೆ ನನ್ನ ಇಂಗ್ಲಿಷು.

"ನಿಲ್ಲಿಸಿ," ಎಂದರು.

ನಿಲ್ಲಿಸಿದೆ.

"ಇಂಗ್ಲಿಷಿನಲ್ಲಿ ನೀವು ಎಂತ ಹೇಳಿದ್ದು?"

ಹೇಳಿದೆ. ತುಳುವಿನಲ್ಲಿ ಆ ವಾಕ್ಯ ನನ್ನ ಬಾಯಲ್ಲಿ ನಿಲ್ಲಲಿಲ್ಲ. ಎರಡು ಸಲ ತಿದ್ದಿಕೊಳ್ಳಬೇಕಾಯಿತು.

"ಅವರು ಹಾಗೆ ಹೇಳುವ ಜನ ಅಲ್ಲ," ಎಂದರು. ಬೈದ ಹಾಗೆ ಇರಲಿಲ್ಲ. ಮನೆ ಅಡ್ರೆಸ್ ತಪ್ಪಿದವನಿಗೆ ಸರಿಯಾದ ದಾರಿ ಹೇಳಿದ ಹಾಗಿತ್ತು. "ಡಾಕ್ಟ್ರ ಹತ್ತಿರ ಕೇಳಿದ್ರಾ ಮತ್ತೆ?"

"ಇಲ್ಲ."

ಅಂಗಳದಲ್ಲಿ ಕೋಳಿಯೊಂದು ಕೆದಕುತ್ತಿತ್ತು. ಎದ್ದು ಹೋಗಿ ಎನ್ನುತ್ತಾರೆ ಎಂದು ನಾನು ಕಾದೆ. ಹಾಗೆಂದಿದ್ದರೆ ಹಗುರವಾಗುತ್ತಿತ್ತು.

"ಮಂಗಳೂರಿನ ಆಸ್ಪತ್ರೆಯಲ್ಲಿ, ಇವರು ಬೀಡಿ ಸೇದ್ತಾರಾ ಅಂತ ಕೇಳಿದರು," ಎಂದರು ಕೊನೆಗೆ. "ಹೌದು, ದಿನಾ ಸೇದ್ತಾರೆ ಅಂತ ನಾನೇ ಹೇಳಿದ್ದು. ಅವರಿಗೆ ಮಾತಾಡಲಿಕ್ಕೆ ಆಗ್ತಿರಲಿಲ್ಲ. ಡಾಕ್ಟ್ರು ನನ್ನನ್ನು ಒಂದು ಸಲ ನೋಡಿದರು, ಅಷ್ಟೇ. ಆಮೇಲೆ ನಾನು ಬೀಡಿ ಕಟ್ಟಲಿಲ್ಲ. ಬೀಡಿ ಬ್ರಾಂಚಿನವರು ಯಾಕೆ ಬರುವುದಿಲ್ಲ ಅಂತ ಕೇಳಿದರು, ಸೊಂಟನೋವು ಅಂದೆ. ಎಂತ ಹೇಳುವುದು? ನಾನೇ ಕಟ್ಟಿ, ನಾನೇ ಕಿಸೆಗೆ ಹಾಕಿ..."

ಬೀಡಿ ಬಿಟ್ಟೆ ಎಂಬ ಅವನ ಆ ಒಂದು ಮಾತು ಅವರಿಗೆ ತಲುಪದಂತೆ ನಾನು ಮದುವೆಯ ಜಗಳದ ಹಾಗೆ ಕತ್ತರಿಸಿ ತಂದಿದ್ದೆ. ಅವರಿಗೆ ಬೇಸರವಾಗುತ್ತದೆಂದು.

"ಬಿಟ್ಟು ಎರಡು ವರ್ಷ ಆಯ್ತು ಅಂದರಲ್ಲ," ಎಂದರು. "ಅದನ್ನು ಇನ್ನೊಮ್ಮೆ ಹಾಕಿ."

ಆ ರಿಮೋಟಿನಲ್ಲಿ ಬೇಕಾದ ಜಾಗಕ್ಕೆ ನೇರವಾಗಿ ಹೋಗಲು ಆಗುವುದಿಲ್ಲ. ಸ್ವಲ್ಪ ಹಿಂದಿನಿಂದ ಶುರುವಾಗುತ್ತದೆ, ಬೇಕಾದ ಮಾತು ಬರುತ್ತದೆ, ಬೆರಳು ತಡವಾದರೆ ನನ್ನ 'ಆಯ್ತು, ಕೇಳ್ತೇನೆ' ಕೂಡ ಬರುತ್ತದೆ. ನನ್ನ ಬೆರಳು ಹೆಚ್ಚಿನ ಸಲ ತಡವಾಯಿತು. ಅವರು ಬೀಡಿ ಬಿಟ್ಟ ಮಾತು ಬಂದಾಗ ತುಟಿ ಅಲುಗಿಸಿ ಅವನ ಜೊತೆಗೆ ಹೇಳುತ್ತಿದ್ದರು.

"ಇನ್ನೊಮ್ಮೆ."

ಹಾಕಿದೆ.

"ಇನ್ನೊಮ್ಮೆ ಮಾಷ್ಟ್ರೇ."

ಎಷ್ಟನೆಯದೋ ಸಲ, ಅವನು ಬಾಯಿ ತೆರೆಯುವಾಗ ಕರೆಂಟು ಹೋಯಿತು. ನಾನು ಎದ್ದೆ. ರಿಮೋಟನ್ನು ಟಿ.ವಿ.ಯ ಬದಿಯಲ್ಲಿಟ್ಟು, ಪೂರ್ತಿಯದ್ದು ಅದರಲ್ಲೇ ಇರಲಿ, ನಿಮಗೇ ಎಂದೆ.

"ಆ ಬಟನು ನನಗೆ ಗೊತ್ತಾಗುವುದಿಲ್ಲ," ಎಂದರು ಅವರು. "ಕರೆಂಟು ಬರಲಿ. ತೋರಿಸಿಕೊಟ್ಟು ಹೋಗಿ."

ಕರೆಂಟು ಬರುವವರೆಗೆ ನಾವಿಬ್ಬರೂ ಕಪ್ಪಾದ ಪರದೆಯ ಮುಂದೆ ಕೂತೆವು.